ಕಾಂಪೌಂಡಿನ ಮೂಲೆಯಿಂದ

2008ರ ಜುಲೈ ಹದಿನಾಲ್ಕು, ಸೋಮವಾರ, ಬೆಳಿಗ್ಗೆ ಹತ್ತು ಗಂಟೆ ನಲವತ್ತು ನಿಮಿಷಕ್ಕೆ ಚಳ್ಳಕೆರೆಯ ಪಾವಗಡ ರಸ್ತೆಯ ತನ್ನ ಅಂಗಡಿಯಲ್ಲಿ ಓಂಕಾರಮೂರ್ತಿ ಕಡ್ಡಿಪುಡಿಯ ಪೊಟ್ಟಣವನ್ನು ಮುತ್ತುರಾಜನ ಅಂಗೈಯಲ್ಲಿಟ್ಟ. ಆ ಅಂಗೈ ಮುಚ್ಚಿಕೊಳ್ಳುವ ಮೊದಲೇ ಅದರ ಮೇಲೆ ಇನ್ನೊಂದು ಕೈ ಬಿತ್ತು. ಸಮಯ ಇಷ್ಟು ಖಚಿತವಾಗಿ ಓಂಕಾರಮೂರ್ತಿಯ ತಲೆಯಲ್ಲಿ ಉಳಿದದ್ದು ಜೀಪಿನಿಂದ ಇಳಿದ ಪೊಲೀಸಿನವನು ಅದನ್ನು ಗಟ್ಟಿಯಾಗಿ ಹೇಳಿ ಬರೆಸಿದ್ದರಿಂದ. ಅಂಗಡಿಯ ಗೋಡೆ ಗಡಿಯಾರದಲ್ಲಿ ಹತ್ತು ನಲವತ್ತೆರಡಾಗಿತ್ತು. ಯಾವುದು ಸರಿ ಎಂದು ಕೇಳಲು ಬಾಯಿ ತೆರೆದವನು ಹಾಗೆಯೇ ಮುಚ್ಚಿಕೊಂಡ. ಮುತ್ತುರಾಜ ರಸ್ತೆಯ ತಿರುವಿನಾಚೆಯ ಕಾಲೇಜಿನಲ್ಲಿ ಎರಡನೇ ಪಿಯುಸಿ ಓದುವವನು, ಬಿ.ಜಿ. ಕೆರೆ ಕಡೆಯ ಕುರಿಹಟ್ಟಿಯವನು. ಎದೆಯಗಲಕ್ಕೆ ಅಂಗಿ ಬಿಗಿದಿತ್ತು, ಆ ಬೆಳಿಗ್ಗೆ ತಾನೇ ಕ್ಷೌರ ಮಾಡಿಕೊಂಡ ಕೆನ್ನೆ ಹಸಿರಾಗಿ ಹೊಳೆಯುತ್ತಿತ್ತು. ಅವನ ಜೇಬಿನಿಂದ ಕಾಲೇಜಿನ ಗುರುತಿನ ಚೀಟಿ ಎಳೆದು ಜೀಪಿನ ಬಾನೆಟ್ ಮೇಲಿಟ್ಟು ಓದಿದರು. ಹುಟ್ಟಿದ ತಾರೀಖು: 1991, ಜೂನ್ ಒಂದು. "ಹದಿನೇಳು," ಎಂದ ಪೊಲೀಸಿನವನು, ಮೀನು ಸಿಕ್ಕವನ ಖುಷಿಯಲ್ಲಿ. ಓಂಕಾರಮೂರ್ತಿಯ ತಲೆಯ ಮೇಲೆ, ಊದುಬತ್ತಿಯ ಹೊಗೆ ಕುಡಿದು ಹಳದಿಗಟ್ಟಿದ ಬೋರ್ಡು ನೇತಾಡುತ್ತಿತ್ತು: ಹದಿನೆಂಟು ವರ್ಷದೊಳಗಿನವರಿಗೆ ತಂಬಾಕು ಮಾರುವುದು ಶಿಕ್ಷಾರ್ಹ ಅಪರಾಧ. ಇಡೀ ರಸ್ತೆಯಲ್ಲಿ ಆ ಬೋರ್ಡು ಇದ್ದ ಅಂಗಡಿ ಅದೊಂದೇ.

ಜೀಪಿನ ಮುಂದಿನ ಸೀಟಿನಲ್ಲಿ ಕೂತಿದ್ದವನು ಇಳಿಯದೆ ಕತ್ತು ಮಾತ್ರ ಹೊರಹಾಕಿದ. ಆರೋಗ್ಯ ಇಲಾಖೆಯ ಇನ್‌ಸ್ಪೆಕ್ಟರ್ ಚಂದ್ರಶೇಖರ. "ಲೇ ಓಂಕಾರಿ, ನೀನೇನೋ! ನಿನ್ನ ಅಂಗಡೀನೇ ಸಿಗಬೇಕಾ ನಂಗೆ?" ಎಂದು ನಕ್ಕ. ದುರ್ಗದ ಕಾಲೇಜಿನಲ್ಲಿ ಬಿ.ಎಸ್ಸಿ.ಗೆ ಇಬ್ಬರೂ ಒಂದೇ ಬೆಂಚಿನವರು. ನಕ್ಕಿದ್ದು ಸ್ನೇಹದಿಂದಲೇ ಇರಬಹುದು. ಆದರೆ ಓಂಕಾರಮೂರ್ತಿಗೆ ಮೊದಲು ಹೊಳೆದದ್ದು ತಾನು ಬನಿಯನ್ನಿನ ಮೇಲೆ ಟವಲು ಹೊದ್ದು ನಿಂತಿದ್ದೇನೆ, ಬೆರಳುಗಳಿಗೆ ಕಡ್ಡಿಪುಡಿಯ ಕಂದು ಅಂಟಿದೆ ಎಂಬುದು. "ಇನ್ನೂರು ರೂಪಾಯಿ ಅಷ್ಟೇನಪ್ಪ. ಇಲ್ಲಿ ಸೈನ್ ಹಾಕು. ಇವತ್ತು ಸಂಜೆಯೊಳಗೆ ಇಷ್ಟು ಕೇಸು ಅಂತ ಮ್ಯಾಲಿಂದ ಬಂದೈತೆ, ನಾನೇನು ಮಾಡ್ಲಿ." ಕಾಗದದಲ್ಲಿ ಬರೆದಿತ್ತು: ಅಪ್ರಾಪ್ತ ವಯಸ್ಕನೆಂದು ತಿಳಿದೂ ಮಾರಿರುತ್ತೇನೆ. ಕೆಳಗೆ ಮುತ್ತುರಾಜನ ಹೆಸರು, ತರಗತಿ. ಅದರ ಕೆಳಗೆ, ಪ್ರತಿ: ಪ್ರಾಂಶುಪಾಲರಿಗೆ. ಓಂಕಾರಮೂರ್ತಿ ಅದನ್ನು ಎರಡು ಸಲ ಓದಿ, "ಇದು ನಿಜ ಅಲ್ಲ," ಎಂದ. "ಯಾವುದು?" "ತಿಳಿದೂ ಅನ್ನೋದು." ಚಂದ್ರಶೇಖರ ಮುಖ ಕಿವುಚಿದ. "ನೀನು ಬದಲಾಗಲೇ ಇಲ್ವಲ್ಲೋ. ಐದು ಗಂಟೆಗೆ ಬರ್ತೀನಿ. ಅಷ್ಟರಾಗೆ ತಲೆ ತಣ್ಣಗೆ ಮಾಡ್ಕೊ." ಜೀಪು ಹೋಯಿತು. ಮುತ್ತುರಾಜ ಮಾತ್ರ ನಿಂತೇ ಇದ್ದ, ಅಂಗೈ ಇನ್ನೂ ಹಾಗೇ ಚಾಚಿಕೊಂಡು. ಪೊಟ್ಟಣ ಜೀಪಿನ ಜೊತೆ ಹೋಗಿತ್ತು.

"ಅಣ್ಣ, ಪ್ರಿನ್ಸಿಪಾಲ್ರಿಗೆ ಆ ಕಾಗದ ಹೋದ್ರೆ ನನ್ನ ಟೀಮಿಂದ ತೆಗೀತಾರೆ," ಎಂದ. ಆಗಸ್ಟಿನಲ್ಲಿ ಜಿಲ್ಲಾ ಮಟ್ಟದ ಓಟ, ಐದು ಸಾವಿರ ಮೀಟರ್, ಹತ್ತೊಂಬತ್ತರೊಳಗಿನವರಿಗೆ. ಅಲ್ಲಿ ಗೆದ್ದರೆ ಡಿಗ್ರಿಗೆ ಕ್ರೀಡಾ ಕೋಟಾದಲ್ಲಿ ಸೀಟು, ಜೊತೆಗೆ ಹಾಸ್ಟೆಲು. ಇದು ಓಂಕಾರಮೂರ್ತಿಗೆ ಗೊತ್ತಿತ್ತು. ಇನ್ನೂ ಒಂದು ಗೊತ್ತಿತ್ತು. ಎರಡು ತಿಂಗಳ ಹಿಂದೆ ಇದೇ ಕಟ್ಟೆಯ ಮೇಲೆ ಬಾಳೆಹಣ್ಣು ಸುಲಿಯುತ್ತ ಮುತ್ತುರಾಜ ತಾನಾಗಿ ಹೇಳಿದ್ದ. ಮೂರು ವರ್ಷ ಕುರಿಗಳ ಹಿಂದೆ ಆಂಧ್ರದ ಕಡೆ ಅಲೆದು ಒಂಬತ್ತನೇ ವಯಸ್ಸಿಗೆ ಶಾಲೆಯ ಮುಂದೆ ನಿಂತಾಗ ಹೆಡ್‌ಮೇಷ್ಟ್ರು, ಎಲ್ಲ ಮಕ್ಕಳಿಗೂ ಮಾಡಿಸಿದ ಹಾಗೆ, ಬಲಗೈಯನ್ನು ನೆತ್ತಿಯ ಮೇಲಿಂದ ತಂದು ಎಡಗಿವಿ ಮುಟ್ಟು ಎಂದರಂತೆ. ಮುಟ್ಟಿದರೆ ಆರು ವರ್ಷ ತುಂಬಿತು ಎಂದು ಲೆಕ್ಕ. "ನನ್ನ ಕೈ ಕಿವಿ ದಾಟಿ ಗದ್ದಕ್ಕೆ ಬಂತಣ್ಣ! ಮೇಷ್ಟ್ರು ನಕ್ಕು, ಇರ್ಲಿ ಬಿಡಲೇ, ಒಂದನೇ ಕ್ಲಾಸಿಗೆ ಆರೇ ಸರಿ ಅಂತ ಬರಕೊಂಡ್ರು. ನಮ್ಮ ಹಟ್ಟಿ ಹುಡುಗರೆಲ್ಲ ಜೂನ್ ಒಂದಕ್ಕೇ ಹುಟ್ಟಿದೋರು." ಆಗ ಇಬ್ಬರೂ ನಕ್ಕಿದ್ದರು. ಈಗ ಆ ನಗು ಅಂಗಡಿಯೊಳಗೇ ಎಲ್ಲೋ, ಅವಲಕ್ಕಿ ಮೂಟೆಯ ಹಿಂದೆ, ಕೇಳಿಸಿಕೊಂಡವನೊಬ್ಬ ಅಡಗಿ ಕೂತಂತೆ ಕೂತಿತ್ತು. ಇಪ್ಪತ್ತು ವರ್ಷದವನಿಗೆ ಕಡ್ಡಿಪುಡಿ ಮಾರಿದ್ದೇನೆ, ತಪ್ಪಿಲ್ಲ. ಆದರೆ ತಪ್ಪಿಲ್ಲವೆಂದು ಹೇಳಬೇಕಾದರೆ ಇವನಿಗೆ ಇಪ್ಪತ್ತೆಂದು ಹೇಳಬೇಕು. ಹೇಳಿದರೆ ಓಟವೂ ಇಲ್ಲ, ಸೀಟೂ ಇಲ್ಲ. ಸಹಿ ಹಾಕಿದರೂ ಇಲ್ಲ.

"ಹೋಗು, ಕ್ಲಾಸಿಗೆ ಹೋಗು," ಎಂದ.

ಒಳಗಿನ ಕುರ್ಚಿಯಿಂದ ತಂದೆ ಜಂಬುಲಿಂಗಪ್ಪ ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಬೀಡಿಯ ಏಜೆನ್ಸಿ ತಂದು ಈ ಅಂಗಡಿ ಕಟ್ಟಿದವರು ಅವರು. ತಾವು ಒಂದು ದಿನವೂ ಬೀಡಿ ಮುಟ್ಟಿದವರಲ್ಲ, ಪೂಜೆ ಮುಗಿಸದೆ ಗಲ್ಲಾಪೆಟ್ಟಿಗೆ ತೆರೆದವರಲ್ಲ. "ಬಿಸಾಕಲೇ ಇನ್ನೂರು ರೂಪಾಯಿ," ಎಂದರು. "ಸುಂಕದವರಿಗೆ, ತೂಕದವರಿಗೆ, ಎಲ್ಲಾರಿಗೂ ಬಿಸಾಕಿಲ್ವಾ? ಇವರೂ ಒಬ್ರು. ನಾಳೆ ಇನ್ನೊಬ್ರು ಬರ್ತಾರೆ." "ಸುಳ್ಳಿಗೆ ಸೈನ್ ಹಾಕಲ್ಲ ಅಪ್ಪಾಜಿ." "ಓಹೋಹೋ! ದೊಡ್ಡ ಸತ್ಯವಂತ. ನಿನ್ನ ಮಾರ್ಕ್ಸ್‌ಕಾರ್ಡಿನಾಗೆ ಇರೋ ನಿನ್ನ ವಯಸ್ಸು ನಿಜ ಏನಲೇ? ನೌಕರಿಗೆ ಅನುಕೂಲ ಆಗ್ಲಿ ಅಂತ ಎರಡು ವರ್ಷ ಇಳಿಸಿ ಬರೆಸಿದೋನು ನಾನೇ." ನೌಕರಿ ಮಾತ್ರ ಬರಲಿಲ್ಲ ಎಂಬುದನ್ನು ಅವರು ಹೇಳಲಿಲ್ಲ; ಹೇಳದೆ ಬಿಟ್ಟದ್ದೇ ಕಿವಿಗೆ ಬಡಿಯಿತು. ಓಂಕಾರಮೂರ್ತಿ ಕಟ್ಟೆಯನ್ನು ಒದ್ದೆ ಬಟ್ಟೆಯಿಂದ ಒರೆಸತೊಡಗಿದ. ಒರೆಸಿದ್ದನ್ನೇ ಒರೆಸಿದ. ಲ್ಯಾಬಿನಲ್ಲಿ ಬ್ಯೂರೆಟ್ಟಿನ ಎದುರು ಬಗ್ಗಿ, ಕಣ್ಣನ್ನು ದ್ರವದ ಮಟ್ಟಕ್ಕೆ ತಂದು, ಉಸಿರು ಹಿಡಿದು ಅಂಕಿ ಓದುತ್ತಿದ್ದ ದಿನಗಳಲ್ಲಿ ಚಂದ್ರಶೇಖರ ಪಕ್ಕದಲ್ಲಿ ನಿಂತು, "ಎಲ್ಲಾರಿಗೂ ಒಂಬತ್ತು ಪಾಯಿಂಟ್ ಎಂಟು ಬಂದೈತೆ, ನೀನೂ ಅದನ್ನೇ ಬರಿಯೋ," ಎನ್ನುತ್ತಿದ್ದ. ಓಂಕಾರಮೂರ್ತಿಗೆ ಬಂದದ್ದು ಹತ್ತು ಪಾಯಿಂಟ್ ಮೂರು. ಹತ್ತು ಪಾಯಿಂಟ್ ಮೂರನ್ನೇ ಬರೆದ. ಪರೀಕ್ಷಕರು ಅದರ ಸುತ್ತ ಕೆಂಪು ಸುತ್ತು ಹಾಕಿದರು. ಚಂದ್ರಶೇಖರನಿಗೆ ಫಸ್ಟ್ ಕ್ಲಾಸ್ ಬಂತು, ನಂತರ ಇಲಾಖೆ, ನಂತರ ಜೀಪು. ಆ ಕೆಂಪು ಸುತ್ತನ್ನು ಓಂಕಾರಮೂರ್ತಿ ಇಪ್ಪತ್ತೆರಡು ವರ್ಷ ಪದಕದ ಹಾಗೆ ಒಳಗೆ ತೊಟ್ಟುಕೊಂಡೇ ಇದ್ದ. ಬೆಲ್ಲ ತೂಗುವಾಗ, ಗಿರಾಕಿ ಬೈದಾಗ, ಯಾರಾದರೂ "ಏನ್ ಓದಿದ್ರೇನು ಬಿಡ್ರಿ" ಎಂದಾಗ ಅದನ್ನು ಮುಟ್ಟಿ ನೋಡಿಕೊಳ್ಳುತ್ತಿದ್ದ. ನಾನು ಅಂಕಿ ತಿದ್ದಿದವನಲ್ಲ.

ಎಣ್ಣೆ ಮಿಲ್ಲಿನ ಹಿಂಡಿಯ ವಾಸನೆ ಹೊತ್ತ ಗಾಳಿ ರಸ್ತೆಯ ಧೂಳನ್ನು ಕಟ್ಟೆಯ ಮೇಲೆ ಮತ್ತೆ ಹಾಸಿತು. ಮಧ್ಯಾಹ್ನದ ಬಿಸಿಲಿನಲ್ಲಿ, ತಲೆಯ ಮೇಲೆ ಕಂಬಳಿ ಮಡಿಸಿ ಹಾಕಿಕೊಂಡು ಹೆಂಗಸೊಬ್ಬಳು ರಸ್ತೆಯ ನಡುವೆಯೇ ನೇರ ಅಂಗಡಿಗೆ ನಡೆದು ಬಂದಳು. ಲಾರಿಯವನು ಹಾರ್ನ್ ಹೊಡೆದರೂ ಪಕ್ಕಕ್ಕೆ ಸರಿಯಲಿಲ್ಲ. ಹಿಂದೆ ಹತ್ತು ಮಾರು ದೂರದಲ್ಲಿ ಮುತ್ತುರಾಜ, ತಲೆ ತಗ್ಗಿಸಿಕೊಂಡು. ಅವನ ತಾಯಿ ಪಾತಮ್ಮ. ಕಂಬಳಿ ನೇಯುವವರಿಗೆ ಉಣ್ಣೆ ಕೊಡಲು ಬಂದವಳು ಬಸ್‌ಸ್ಟ್ಯಾಂಡಿನಲ್ಲಿ ಮಗನಿಗಾಗಿ, ಮಗ ತರುವ ಎಲೆ, ಅಡಿಕೆ, ಕಡ್ಡಿಪುಡಿಗಾಗಿ ಬೆಳಿಗ್ಗೆಯಿಂದ ಕಾದಿದ್ದಳು. ಹಟ್ಟಿಯಿಂದ ಹೊರಗಿರುವ ಮಗ ಅವ್ವನನ್ನು ಕಾಣಲು ಬರಿಗೈಯಲ್ಲಿ ಬರುವುದಿಲ್ಲ. ಅವಳ ಬಾಯಿಗೆ ಎಲೆ ಅಡಿಕೆ ಕೊಟ್ಟ ಮೇಲೆಯೇ ಮಾತು. "ಏನ್ ಸೌಕಾರ್ರೇ," ಎಂದಳು ಕಟ್ಟೆಗೆ ಎರಡೂ ಕೈ ಊರಿ, "ನನ್ನ ಬಾಯಿಗೆ ಹೊಗೆಸೊಪ್ಪು ತಂದ್ರೆ ನನ್ನ ಮಗ ಕಳ್ಳ ಏನು? ಯಾರವ್ನು ಜೀಪಿನೋನು? ಅವ್ನಿಗೆ ಅವ್ವ ಇಲ್ವಾ?" "ಕಾನೂನು ಐತೆ ಪಾತಮ್ಮ. ಹದಿನೆಂಟು ತುಂಬದೋರಿಗೆ ಮಾರಂಗಿಲ್ಲ." "ಹದಿನೆಂಟಾ?" ಅವಳು ಮಗನ ಕಡೆ ತಿರುಗಿ, ಸಂತೆಯಲ್ಲಿ ಟಗರಿನ ಹಲ್ಲು ನೋಡುವವಳ ಹಾಗೆ ಅವನ ಗದ್ದ ಹಿಡಿದೆತ್ತಿದಳು. "ಇವ್ನ ಜೊತೆ ಹುಟ್ಟಿದ ಕರಿಯಣ್ಣನ ಮಗಳಿಗೆ ಎರಡು ಮಕ್ಕಳು! ಇವ್ನಿಗೆ ಇಪ್ಪತ್ತು ತುಂಬಿ ಇಪ್ಪತ್ತೊಂದರಾಗೈತೆ. ಎಲ್ಲಿ ಹೇಳ್ಬೇಕು? ಕೋರ್ಟಾ? ನಡೀರಿ, ಈಗ್ಲೇ ಹೇಳ್ತೀನಿ. ಹೆತ್ತೋಳಿಗಿಂತ ಚೆನ್ನಾಗಿ ಆ ಮೇಷ್ಟ್ರಿಗೆ ಗೊತ್ತಾ?"

"ಅವ್ವ, ಸುಮ್ನಿರೇ, ಮೆಲ್ಲಗೆ!" ಎಂದ ಮುತ್ತುರಾಜ.

"ಯಾಕಲೇ ಮೆಲ್ಲಗೆ? ನಾನೇನು ಕದ್ದು ಹೆತ್ತೀನಾ?"

ಒಳಗಿನಿಂದ ಜಂಬುಲಿಂಗಪ್ಪ, "ಸಾಕ್ಷಿ ಸಿಕ್ತಲ್ಲಪ್ಪ. ಬರ್ಲಿ ಬಿಡು ಆ ಯಮ್ಮ. ನಿನ್ನ ಸತ್ಯವೇ ತಾನಾಗಿ ಬಂದು ನಿಂತೈತೆ," ಎಂದರು. ಸತ್ಯ ನಿಜಕ್ಕೂ ಬಂದು ನಿಂತಿತ್ತು, ಕಟ್ಟೆಗೆ ಕೈ ಊರಿ, ಬಾಯಿ ತುಂಬ ಕಡ್ಡಿಪುಡಿಯಿಲ್ಲದ ಬರೀ ಎಲೆ ಜಗಿಯುತ್ತ. ಅವಳನ್ನು ಸಂಜೆಯವರೆಗೆ ಕೂರಿಸಿಕೊಂಡರೆ ಸಾಕು. ಕಾಗದದಲ್ಲಿ ಕೆಂಪು ಸುತ್ತು ಈ ಸಲ ಚಂದ್ರಶೇಖರನ ಅಂಕಿಯ ಮೇಲೆ ಬೀಳುತ್ತದೆ. ಈ ಯೋಚನೆಯ ರುಚಿ ನಾಲಿಗೆಗೆ ತಾಗಿದಾಗ ಓಂಕಾರಮೂರ್ತಿ ಮುತ್ತುರಾಜನ ಮುಖ ನೋಡಿದ. ಹುಡುಗ ಬೇಡವೆನ್ನುತ್ತಿರಲಿಲ್ಲ. ಬೇಡುತ್ತಲೂ ಇರಲಿಲ್ಲ. ದೊಡ್ಡವರು ತನ್ನ ವಯಸ್ಸನ್ನು ಮತ್ತೊಮ್ಮೆ ನಿರ್ಧರಿಸಲಿ ಎಂದು ಕಾಯುತ್ತ ನಿಂತಿದ್ದ, ನೆತ್ತಿಯ ಮೇಲೆ ಕೈ ಇಟ್ಟುಕೊಂಡು ನಿಂತ ಒಂಬತ್ತರ ಹುಡುಗನ ಹಾಗೆ. ಹದಿನೇಳರ ಮಕ್ಕಳ ಜೊತೆ ಇಪ್ಪತ್ತರವನು ಓಡುವುದು ತಿದ್ದಿದ ಅಂಕಿಯೇ. ಆದರೆ ಆ ಮಕ್ಕಳು ಅ ಆ ತಿದ್ದುತ್ತಿದ್ದ ಮೂರು ವರ್ಷ ಇವನು ಕುರಿಯ ಹಿಂದೆ ಬರಿಗಾಲಿನಲ್ಲಿದ್ದ. ಮೇಷ್ಟ್ರು ಅಳಿಸಿದ್ದು ಆ ಮೂರು ವರ್ಷವನ್ನೇ. "ಪಾತಮ್ಮ," ಎಂದ, "ನೀನು ಯಾರಿಗೂ ಏನೂ ಹೇಳಬೇಡ. ಇದು ನಂದು. ನಾನು ನೋಡ್ಕೊತೀನಿ." "ಏನ್ ನೋಡ್ಕೊತೀರಿ?" ಎಂದಳು ಅವಳು. ಅವನು ಮತ್ತೆ ಒರೆಸುವ ಬಟ್ಟೆಗೆ ಕೈ ಹಾಕಿದ. ಅವಳು ಕಟ್ಟೆಯ ಪಕ್ಕದ ಹುಣಸೆಮರದ ನೆರಳಿನಲ್ಲಿ ಕಂಬಳಿ ಹಾಸಿ ಕೂತಳು, ನೋಡಿಯೇ ಹೋಗುತ್ತೇನೆ ಎನ್ನುವ ಹಾಗೆ.

ನಾಲ್ಕು ಗಂಟೆಗೆ ಗಂಗಲಕ್ಷ್ಮಿ ಬಂದಳು. ಹಿಂದಿನ ಓಣಿಯ ಹುಡುಗಿ, ಎಂಟು ವರ್ಷವಿರಬಹುದು. ಎಂದಿನಂತೆ ತೂಕದ ಕಲ್ಲುಗಳ ಪೆಟ್ಟಿಗೆಯ ಮೇಲೆ ಹತ್ತಿ ನಿಂತು, ಕಟ್ಟೆಯಾಚೆಗೆ ಕೈ ಚಾಚಿ, "ಅಜ್ಜಂಗೆ ಒಂದು ಕಟ್ಟು ಬೀಡಿ," ಎಂದಳು. ಓಂಕಾರಮೂರ್ತಿಯ ಕೈ ತಾನಾಗಿ ಬೀಡಿಯ ಗೂಡಿಗೆ ಹೋಗಿತ್ತು. ದಿನಾ ಹೋಗುತ್ತಿತ್ತು. ಬೀಡಿಯ ಕಟ್ಟಿನ ಜೊತೆ ಒಂದು ಪೆಪ್ಪರ್‌ಮಿಂಟು, ಅದು ಅವನ ಔದಾರ್ಯ. ಈ ಹುಡುಗಿಗೆ, ಇವಳಿಗಿಂತ ಮೊದಲು ಇವಳ ಅಣ್ಣನಿಗೆ, ಓಣಿಯ ಎಷ್ಟೋ ಮಕ್ಕಳಿಗೆ, ಆ ಬೋರ್ಡಿನ ಕೆಳಗೇ ನಿಂತು ಕೊಟ್ಟಿದ್ದ. ಅಪ್ಪಂದಿರು, ಅಜ್ಜಂದಿರು ಮಕ್ಕಳನ್ನು ಕಳಿಸುತ್ತಾರೆ, ಮಕ್ಕಳು ಸೇದುವುದಿಲ್ಲವಲ್ಲ. ಹೀಗೆ ಅವನು ಯೋಚಿಸಿಯೂ ಇರಲಿಲ್ಲ, ಯೋಚನೆಯೇ ಬೇಕಾಗಿರಲಿಲ್ಲ. ಯಾವ ಜೀಪೂ ಈ ಕೈಯ ಮೇಲೆ ಕೈ ಇಟ್ಟಿರಲಿಲ್ಲ. ಅರ್ಧಕ್ಕೆ ನಿಂತ ತನ್ನ ಕೈಯನ್ನು ಅವನು ಹಿಂದಕ್ಕೆ ತಂದ. "ಅಜ್ಜನ್ನೇ ಕಳಿಸು ಪುಟ್ಟಿ. ನಿಂಗೆ ಕೊಡಲ್ಲ." "ಯಾಕೆ? ನಿನ್ನೆ ಕೊಟ್ಟಿದ್ರಲ್ಲ." "ನಿನ್ನೆ ತಪ್ಪಾಗಿತ್ತು." ಅವಳು ಪೆಪ್ಪರ್‌ಮಿಂಟಿನ ಗಾಜಿನ ಭರಣಿಯನ್ನೊಮ್ಮೆ, ಅವನ ಮುಖವನ್ನೊಮ್ಮೆ ನೋಡಿದಳು. "ನಾನೇನ್ ಮಾಡ್ದೆ?" ಎಂದಳು. ಒಂದು ಪೆಪ್ಪರ್‌ಮಿಂಟು ಕೊಟ್ಟ. ಅವಳು ತೆಗೆದುಕೊಳ್ಳಲಿಲ್ಲ, ಪೆಟ್ಟಿಗೆಯಿಂದಿಳಿದು ಓಡಿದಳು. ಇಡೀ ದಿನ ತಾನು ಹೊತ್ತು ತಿರುಗಿದ ಅವಮಾನವನ್ನು ಎಷ್ಟು ಸುಲಭವಾಗಿ ಆ ಮಗುವಿನ ತಲೆಗೆ ದಾಟಿಸಿದೆ ಎಂದುಕೊಂಡು ಅವನು ನಿಂತೇ ಇದ್ದ.

ಆಮೇಲೆ ಬೋರ್ಡನ್ನು ನೋಡಿದ. ನಾಲ್ಕು ವರ್ಷದ ಹಿಂದೆ ಪತ್ರಿಕೆಯಲ್ಲಿ ನಿಯಮ ಓದಿ, ಅದರಲ್ಲಿದ್ದಂತೆಯೇ ಅರವತ್ತು ಸೆಂಟಿಮೀಟರ್ ಉದ್ದ, ಮೂವತ್ತು ಅಗಲ, ಸ್ಕೇಲು ಹಿಡಿದು ಗೆರೆ ಎಳೆದು ತಾನೇ ಬರೆದದ್ದು. ಅದೇ ವರ್ಷ ಇನ್ನೊಂದು ನಿಯಮವನ್ನೂ ಓದಿದ್ದ: ಶಾಲೆ ಕಾಲೇಜುಗಳಿಂದ ನೂರು ಗಜದೊಳಗೆ ತಂಬಾಕು ಮಾರುವಂತಿಲ್ಲ. ನೂರು ಗಜ ಎಂದರೆ ತೊಂಬತ್ತೊಂದು ಪಾಯಿಂಟ್ ನಾಲ್ಕು ನಾಲ್ಕು ಮೀಟರ್. ಅದನ್ನೂ ಅಳೆದಿದ್ದ, ಕಾಲೇಜಿನ ಗೇಟಿನಿಂದ ರಸ್ತೆಯ ಅಂಚಿನಲ್ಲಿ ಟೇಪು ಹಾಸಿಕೊಂಡು ಬಂದು. ನೂರನಾಲ್ಕು ಮೀಟರ್ ಬಂದಿತ್ತು. ಸಮಾಧಾನವಾಗಿತ್ತು. ನಿಯಮದಲ್ಲಿ ಗೇಟು ಎಂದಿರಲಿಲ್ಲ. ಕಾಂಪೌಂಡಿನ ಹೊರ ಅಂಚಿನಿಂದ, ನೇರ ಗೆರೆಯಲ್ಲಿ ಎಂದಿತ್ತು. ಓದಿದ್ದ. ರಸ್ತೆ ಖಾಲಿ ಸೈಟನ್ನು ಬಳಸಿಕೊಂಡು ಬಾಗುತ್ತದೆ, ಕಾಂಪೌಂಡಿನ ಒಂದು ಮೂಲೆ ಆ ಸೈಟಿನ ಜಾಲಿಗಿಡಗಳ ಮೇಲೆ ಇಣುಕುತ್ತ ಅಂಗಡಿಯ ಕಡೆಗೇ ಚಾಚಿದೆ, ಇದು ದಿನಾ ಕಣ್ಣಿಗೆ ಬೀಳುತ್ತಿತ್ತು. ತ್ರಿಭುಜದ ಎರಡು ಬಾಹುಗಳನ್ನು ಕೂಡಿಸಿ ಮೂರನೆಯದೆಂದು ಕರೆದಿದ್ದ. ಬ್ಯೂರೆಟ್ಟಿನ ಮುಂದೆ ಕಣ್ಣನ್ನು ಮಟ್ಟಕ್ಕೆ ತಂದವನೇ ಇಲ್ಲಿ ಕಣ್ಣನ್ನು ಸ್ವಲ್ಪ ಮೇಲಿಟ್ಟಿದ್ದ. ಅಂಕಿ ತಿದ್ದಲಿಲ್ಲ, ಅಳೆಯುವ ಜಾಗವನ್ನೇ ತಿದ್ದಿದ. ಒಳಗಿನ ಆ ಕೆಂಪು ಸುತ್ತನ್ನು ಮುಟ್ಟಿ ನೋಡಿಕೊಳ್ಳಲು ಹೋದರೆ ಅದು ಅಲ್ಲಿರಲಿಲ್ಲ. ವಿಚಿತ್ರವೆಂದರೆ ಹೆದರಿಕೆಯಾಗಲಿಲ್ಲ. ಎದೆಯಲ್ಲಿ ಏನೋ ಹಗುರಾಗಿ, ಬೆಳಿಗ್ಗೆಯಿಂದ ಮೊದಲ ಬಾರಿಗೆ, ಜಗಳಕ್ಕೆ ಹಸಿವಾಯಿತು.

ಐದಕ್ಕೆ ಜೀಪು ಬಂದಾಗ ಓಂಕಾರಮೂರ್ತಿ ಅಂಗಿ ತೊಟ್ಟು, ಗುಂಡಿ ಹಾಕಿ, ಮೂವತ್ತು ಮೀಟರಿನ ಟೇಪಿನ ಚಕ್ರವನ್ನು ಕೈಯಲ್ಲಿ ಹಿಡಿದು ರಸ್ತೆಗೇ ಇಳಿದು ನಿಂತಿದ್ದ. ಚಂದ್ರಶೇಖರ ಈ ಸಲ ಇಳಿದ. "ಸೈನ್ ಹಾಕ್ತೀಯೇನೋ?"

"ಇದಕ್ಕೆ ಹಾಕಲ್ಲ. ಈ ಹುಡುಗನ ಹೆಸರಿರೋ ಯಾವ ಕಾಗದಕ್ಕೂ ಹಾಕಲ್ಲ. ನಿಂಗೆ ಒಂದು ಕೇಸು ಬೇಕು ತಾನೆ? ಬೇರೆ ಕೊಡ್ತೀನಿ. ನನ್ನ ಅಂಗಡಿ ನೂರು ಗಜದೊಳಗೈತೆ. ಅಳೆದು ಬರಕೋ."

ಚಂದ್ರಶೇಖರ ಪೊಲೀಸಿನವನ ಕಡೆ ತಿರುಗಿ ಸುಮ್ಮನೆ ನಕ್ಕು, ಓಂಕಾರಮೂರ್ತಿಯ ತೋಳು ಹಿಡಿದು ಪಕ್ಕಕ್ಕೆಳೆದ. "ತಲೆ ಕೆಟ್ಟೈತೇನೋ? ಹುಡುಗಂಗೆ ಮಾರಿದ್ದು ಇವತ್ತಿನ ಒಂದು ತಪ್ಪು, ಕಟ್ಟಿ ಮರೆತುಬಿಡ್ತೀಯ. ಇದನ್ನ ಬರೆದ್ರೆ ನಾಳೆಯಿಂದ ಇಲ್ಲಿ ಒಂದು ಬೀಡೀನೂ ಮಾರಂಗಿಲ್ಲ."

"ಗೊತ್ತು."

"ನಿಮ್ಮಪ್ಪನ ಏಜೆನ್ಸಿ?"

"ಅದೂ ಗೊತ್ತು."

ಒಳಗಿನಿಂದ ಜಂಬುಲಿಂಗಪ್ಪ ಎದ್ದು ಬಾಗಿಲಿಗೆ ಬಂದಿದ್ದರು. "ಲೇ! ನಾನು ಸತ್ತ ಮೇಲೆ ಮಾಡು ನಿನ್ನ ಸೈನ್ಸು!" ಎಂದು ಕೂಗಿದರು. ಓಂಕಾರಮೂರ್ತಿ ತಿರುಗಿ, "ನೀವು ಇದ್ದಾಗಲೇ ಮಾಡ್ತೀನಿ ಅಪ್ಪಾಜಿ. ಎಂಟು ವರ್ಷದ ಹುಡುಗಿಗೆ ಬೀಡಿ ಕೊಡೋದು ನಾನು ಇಲ್ಲೇ ನಿಂತು ಕಲಿತದ್ದು," ಎಂದ. ತಂದೆಗೆ ಹೀಗೆ ಎದುರಾಡಿದ್ದು ಮೊದಲ ಸಲ. ಧ್ವನಿ ತನ್ನದೆಂದು ಅವನಿಗೇ ಅನ್ನಿಸಲಿಲ್ಲ. ಮುದುಕರು ಒಳಗೆ ಹೋಗಿ, ಕುರ್ಚಿಯನ್ನು ಗೋಡೆಯ ಕಡೆಗೆ ತಿರುಗಿಸಿಕೊಂಡು ಕೂತರು.

"ತುದಿ ಯಾರು ಹಿಡೀತಾರೆ?" ಎಂದು ಓಂಕಾರಮೂರ್ತಿ ಸುತ್ತ ನೋಡಿದ. ಹುಣಸೆಮರದ ಕೆಳಗಿನಿಂದ ಪಾತಮ್ಮ ಕಂಬಳಿ ಕೊಡವಿ ಎದ್ದಳು. "ತರ್ರಿ ಇಲ್ಲಿ." ಟೇಪಿನ ತುದಿ ಹಿಡಿದು, ಜಾಲಿಯ ಮುಳ್ಳನ್ನು ಬರಿಗಾಲಿನಿಂದಲೇ ಒತ್ತರಿಸಿಕೊಂಡು, ಖಾಲಿ ಸೈಟಿನ ಮೇಲೆ ನೇರ ನಡೆದು ಕಾಂಪೌಂಡಿನ ಮೂಲೆಯ ಕಲ್ಲಿಗೆ ಹೆಬ್ಬೆರಳಿನಿಂದ ಒತ್ತಿ ಹಿಡಿದಳು. "ಇಲ್ಲೇನ್ರಿ ಸೌಕಾರ್ರೇ?" "ಇನ್ನೂ ಹೊರಗೆ, ಅಂಚಿಗೆ." "ಹೂಂ, ಹಿಡಿದೀನಿ. ಇನ್ನು ಆನೆ ಬಂದ್ರೂ ಬಿಡಲ್ಲ." ಮೂವತ್ತಕ್ಕೆ ಒಂದು ಕಲ್ಲಿಟ್ಟರು. ಅವಳು ಕಲ್ಲಿಗೆ ಬಂದು ತುದಿ ಒತ್ತಿದಳು, ಅರವತ್ತಕ್ಕೆ ಇನ್ನೊಂದು. ಮುತ್ತುರಾಜ ಕಾಲೇಜಿನ ಗೇಟಿನ ಹತ್ತಿರ ನಿಂತು ನೋಡುತ್ತಿದ್ದ, ಹತ್ತಿರ ಬರಲಿಲ್ಲ. ಕೊನೆಯ ತುಂಡು ಅಂಗಡಿಯ ಕಟ್ಟೆಗೆ ಮುಟ್ಟಿದಾಗ ಓಂಕಾರಮೂರ್ತಿ ಟೇಪನ್ನು ಬಿಗಿಯಾಗಿ ಎಳೆದು, ಜೋಲು ಬೀಳದಂತೆ ನೋಡಿ, "ನೀನೇ ಓದು," ಎಂದು ಚಂದ್ರಶೇಖರನಿಗೆ ಹೇಳಿದ.

ಚಂದ್ರಶೇಖರ ಬಗ್ಗಿದ. ಪೊಲೀಸಿನವನು ಜೀಪಿನ ಬಳಿಯಿದ್ದ. ಪಾತಮ್ಮ ಕಲ್ಲಿನ ಬಳಿ ಕುಕ್ಕರುಗಾಲಿನಲ್ಲಿ ಕೂತಿದ್ದಳು. "ಓಂಕಾರಿ," ಎಂದ ಕೆಳದನಿಯಲ್ಲಿ, ಹಳೆಯ ಲ್ಯಾಬಿನ ದನಿಯಲ್ಲಿ, "ತೊಂಬತ್ತೆರಡು ಅಂತ ಬರೀತೀನಿ. ಆ ಹುಡುಗನ ಕಾಗದಾನೂ ಹರಿದುಹಾಕ್ತೀನಿ. ಮನೆಗೆ ಹೋಗಪ್ಪ."

ಅಂದರೆ ಎಲ್ಲರಿಗೂ ಎಲ್ಲವೂ ಉಳಿಯುತ್ತಿತ್ತು. ಹುಡುಗನಿಗೆ ಓಟ, ಅಪ್ಪನಿಗೆ ಏಜೆನ್ಸಿ, ನಾಳೆ ನಾಲ್ಕು ಗಂಟೆಗೆ ತೂಕದ ಕಲ್ಲುಗಳ ಪೆಟ್ಟಿಗೆಯ ಮೇಲೆ ಹತ್ತಿ ಚಾಚುವ ಆ ಸಣ್ಣ ಕೈಗೆ ಒಂದು ಕಟ್ಟು ಬೀಡಿ.

"ಮೊದಲು ಹರಿ," ಎಂದ ಓಂಕಾರಮೂರ್ತಿ.

ಚಂದ್ರಶೇಖರ ಜೇಬಿನಿಂದ ಆ ಕಾಗದ ತೆಗೆದು ನಾಲ್ಕಾಗಿ ಹರಿದ.

"ಈಗ ಟೇಪಿನಾಗೆ ಏನೈತೋ ಅದನ್ನ ಓದು. ಗಟ್ಟಿಯಾಗಿ. ಅಪ್ಪಾಜಿಗೆ ಕೇಳಬೇಕು."

ಚಂದ್ರಶೇಖರ ಅವನ ಮುಖವನ್ನು ದಿಟ್ಟಿಸಿದ. ಆಮೇಲೆ ಮಂಡಿಯೂರಿ, ಕಣ್ಣನ್ನು ಟೇಪಿನ ಮಟ್ಟಕ್ಕೆ ತಂದು, ಹಿಂದಿನ ಅರವತ್ತನ್ನು ಕೂಡಿಸಿ ಓದಿದ: ಎಂಬತ್ತಾರು ಮೀಟರ್, ಇಪ್ಪತ್ತು ಸೆಂಟಿಮೀಟರ್.